ಕುರ್ಚಿಯ ಗಂಟೆ, ಹಲ್ಲಿನ ಆಯುಸ್ಸು: ದಂತ ಚಿಕಿತ್ಸಾಲಯದ ಸಾಧನೆಯನ್ನು ಅಳೆಯುವ ಬಗೆ

ಜಗತ್ತಿನಲ್ಲಿ ಸುಮಾರು 350 ಕೋಟಿ ಜನರಿಗೆ ಬಾಯಿಗೆ ಸಂಬಂಧಿಸಿದ ಒಂದಲ್ಲ ಒಂದು ಕಾಯಿಲೆ ಇದೆ ಎಂದು ವಿಶ್ವ ಆರೋಗ್ಯ ಸಂಸ್ಥೆ 2022ರಲ್ಲಿ ಪ್ರಕಟಿಸಿದ ವರದಿ ಹೇಳುತ್ತದೆ. ಇವರಲ್ಲಿ ಚಿಕಿತ್ಸೆ ಪಡೆಯುವವರ ಪೈಕಿ ಹೆಚ್ಚಿನವರಿಗೆ ಅದು ದೊರೆಯುವುದು ದೊಡ್ಡ ಆಸ್ಪತ್ರೆಗಳಲ್ಲಿ ಅಲ್ಲ, ಒಂದೆರಡು ಅಥವಾ ನಾಲ್ಕಾರು ಕುರ್ಚಿಗಳಿರುವ ಸಣ್ಣ ದಂತ ಚಿಕಿತ್ಸಾಲಯಗಳಲ್ಲಿ. ಅಲ್ಲಿ ಹಲ್ಲಿಗೆ ಏನು ಬೇಕು ಎಂದು ನಿರ್ಣಯಿಸುವವರು, ಅದನ್ನು ಕೈಯಾರೆ ಮಾಡುವವರು ಮತ್ತು ಅದರಿಂದ ಗಳಿಸುವವರು ಬಹುಮಟ್ಟಿಗೆ ಒಬ್ಬರೇ. ಸಾಮಾನ್ಯ ವೈದ್ಯರು ಔಷಧ ಬರೆದುಕೊಟ್ಟರೆ ಅದನ್ನು ಮಾರುವವರು ಬೇರೆ. ದಂತವೈದ್ಯರ ವಿಷಯದಲ್ಲಿ ಆ ಅಂತರವಿಲ್ಲ. ಇನ್ನೂ ಮುಖ್ಯವಾದ ಸಂಗತಿಯೆಂದರೆ, ಒಮ್ಮೆ ಕೊರೆದ ಹಲ್ಲು ಮತ್ತೆ ಬೆಳೆಯುವುದಿಲ್ಲ. ಆದ್ದರಿಂದ ದಂತ ಚಿಕಿತ್ಸಾಲಯದಲ್ಲಿ ಆರೈಕೆಯ ಗುಣಮಟ್ಟವನ್ನು ಒಂದು ಕಡೆ, ವ್ಯವಹಾರದ ಲಾಭನಷ್ಟವನ್ನು ಇನ್ನೊಂದು ಕಡೆ ಇಟ್ಟು ಪ್ರತ್ಯೇಕವಾಗಿ ನೋಡಿದರೆ ಎರಡೂ ಅರ್ಥವಾಗುವುದಿಲ್ಲ. ಇವೆರಡನ್ನೂ ಒಂದೇ ಪುಟದಲ್ಲಿ ಓದಲು ಸಾಧ್ಯವಿದೆ, ಅದಕ್ಕೆ ಬೇಕಾದ ಮುಖ್ಯ ಅಳತೆ ಮಾಡಿದ ಕೆಲಸ ಎಷ್ಟು ವರ್ಷ ಬಾಯಿಯಲ್ಲಿ ನಿಂತಿತು ಎಂಬುದೇ ಎಂದು ತೋರಿಸುವುದು ಈ ಲೇಖನದ ಉದ್ದೇಶ.

ಆರೋಗ್ಯ ಸೇವೆಯ ಗುಣಮಟ್ಟವನ್ನು ಅಳೆಯುವ ಬಗ್ಗೆ ಅವೆಡಿಸ್ ಡೊನಬೆಡಿಯನ್ 1966ರಲ್ಲಿ ಕೊಟ್ಟ ಚೌಕಟ್ಟು ಇಂದಿಗೂ ಬಳಕೆಯಲ್ಲಿದೆ. ಸೇವೆ ನೀಡುವ ಸ್ಥಳದಲ್ಲಿ ಏನೇನು ಇದೆ, ಅಲ್ಲಿ ಏನು ಮಾಡಲಾಗುತ್ತದೆ, ಕೊನೆಗೆ ರೋಗಿಗೆ ಏನಾಯಿತು ಎಂಬ ಮೂರು ಹಂತಗಳಲ್ಲಿ ಅವರು ಗುಣಮಟ್ಟವನ್ನು ಬಿಡಿಸಿ ನೋಡಿದರು. ದಂತ ಚಿಕಿತ್ಸೆಗೆ ಈ ಚೌಕಟ್ಟನ್ನು ಹೊಂದಿಸಿದರೆ ಮೊದಲ ಹಂತ ಸುಲಭವಾಗಿ ಕಣ್ಣಿಗೆ ಬೀಳುತ್ತದೆ, ಮೂರನೆಯದು ಬಹಳ ತಡವಾಗಿ ಗೋಚರಿಸುತ್ತದೆ. ಜನರು ಚಿಕಿತ್ಸಾಲಯವನ್ನು ಅದರ ಒಳಾಂಗಣದ ಅಂದದಿಂದ ಅಳೆಯಲು ಇದೇ ಕಾರಣ.

ಆದರೆ ಮೊದಲ ಹಂತದಲ್ಲಿಯೂ ನಿಜವಾಗಿ ಮುಖ್ಯವಾದದ್ದು ರೋಗಿಯ ಕಣ್ಣಿಗೆ ಬೀಳದ ಭಾಗ. ಉಪಕರಣಗಳ ಕ್ರಿಮಿನಾಶನವನ್ನೇ ತೆಗೆದುಕೊಳ್ಳೋಣ. ರಕ್ತ ಅಥವಾ ಮೂಳೆಯನ್ನು ಮುಟ್ಟುವ ಉಪಕರಣ, ಬಾಯಿಯ ಒಳಪದರವನ್ನಷ್ಟೇ ಮುಟ್ಟುವ ಉಪಕರಣ, ಚರ್ಮಕ್ಕಷ್ಟೇ ತಾಗುವ ವಸ್ತು ಎಂದು ಅಪಾಯಕ್ಕೆ ತಕ್ಕಂತೆ ವಿಂಗಡಿಸುವ ಕ್ರಮವನ್ನು ಅರ್ಲ್ ಸ್ಪಾಲ್ಡಿಂಗ್ ರೂಪಿಸಿದರು. ಮೊದಲ ಗುಂಪಿಗೆ ಪೂರ್ಣ ಕ್ರಿಮಿನಾಶನವೇ ಆಗಬೇಕು, ದ್ರಾವಣದಲ್ಲಿ ಅದ್ದಿ ತೆಗೆದರೆ ಸಾಲದು. ಒತ್ತಡದ ಹಬೆಯಿಂದ ಕ್ರಿಮಿನಾಶನ ಮಾಡುವ ಯಂತ್ರವಾದ ಆಟೋಕ್ಲೇವ್‌ನಲ್ಲಿ ಹಬೆಯನ್ನು 121 ಡಿಗ್ರಿ ಸೆಲ್ಸಿಯಸ್‌ನಲ್ಲಿ ಕನಿಷ್ಠ 15 ನಿಮಿಷ, ಇಲ್ಲವೇ 134 ಡಿಗ್ರಿಯಲ್ಲಿ ಕನಿಷ್ಠ 3 ನಿಮಿಷ ಹಿಡಿದಿಡಬೇಕು. ಕೇಳಲು ಇದು ಅಲ್ಪ ಸಮಯ ಎನಿಸಬಹುದು. ಆದರೆ ಉಪಕರಣವನ್ನು ಮೊದಲು ತೊಳೆದು, ಪೊಟ್ಟಣದಲ್ಲಿಟ್ಟು, ಯಂತ್ರ ಬಿಸಿಯಾಗಿ, ಹಬೆ ಹಿಡಿದು, ಒಣಗಿ, ತಣ್ಣಗಾಗುವ ಹೊತ್ತಿಗೆ ಒಂದು ಗಂಟೆಯೇ ಕಳೆದಿರಬಹುದು. ಇಲ್ಲಿ ವ್ಯವಹಾರದ ಲೆಕ್ಕ ನೇರವಾಗಿ ಸುರಕ್ಷತೆಯೊಳಗೆ ಕಾಲಿಡುತ್ತದೆ. ಗಂಟೆಗೆ ನಾಲ್ವರು ರೋಗಿಗಳನ್ನು ನೋಡುವ ಕಡೆ ಹಲ್ಲು ಕೊರೆಯುವ ಹ್ಯಾಂಡ್‌ಪೀಸ್‌ಗಳು ನಾಲ್ಕೇ ಇದ್ದರೆ, ಐದನೆಯ ರೋಗಿ ಕುರ್ಚಿಯಲ್ಲಿ ಕುಳಿತಾಗ ಸಿಬ್ಬಂದಿಯ ಮುಂದೆ ಉಳಿಯುವುದು ಎರಡೇ ದಾರಿ: ರೋಗಿಯನ್ನು ಕಾಯಿಸುವುದು, ಅಥವಾ ಹಿಂದಿನವರಿಗೆ ಬಳಸಿದ ಹ್ಯಾಂಡ್‌ಪೀಸನ್ನು ಒರೆಸಿ ಬಳಸುವುದು. ಒರೆಸಿ ಬಳಸುವುದು ತಪ್ಪು ಎಂದು ಎಲ್ಲರಿಗೂ ಗೊತ್ತು. ಅದನ್ನು ತಡೆಯುವುದು ಗೋಡೆಯ ಮೇಲಿನ ನಿಯಮಪಟ್ಟಿಯಲ್ಲ, ಇನ್ನೂ ನಾಲ್ಕು ಹ್ಯಾಂಡ್‌ಪೀಸ್ ಕೊಳ್ಳಲು ಮಾಲೀಕರು ಮಾಡಿದ ಖರ್ಚು.

ಆಟೋಕ್ಲೇವ್ ನಿಜಕ್ಕೂ ಕೆಲಸ ಮಾಡುತ್ತಿದೆಯೇ ಎಂಬುದನ್ನು ಪೊಟ್ಟಣದ ಮೇಲಿನ ಬಣ್ಣ ಬದಲಾಗುವ ಪಟ್ಟಿಯಿಂದಷ್ಟೇ ತಿಳಿಯಲಾಗದು. ತೀವ್ರ ಬಿಸಿಯನ್ನು ತಾಳಬಲ್ಲ ಜಿಯೋಬ್ಯಾಸಿಲಸ್ ಸ್ಟಿಯರೋಥರ್ಮೋಫಿಲಸ್ ಎಂಬ ಬ್ಯಾಕ್ಟೀರಿಯದ ಬೀಜಾಣುಗಳನ್ನು ಯಂತ್ರದಲ್ಲಿಟ್ಟು, ಅವು ಸತ್ತಿವೆಯೇ ಎಂದು ವಾರಕ್ಕೊಮ್ಮೆಯಾದರೂ ಪರೀಕ್ಷಿಸಬೇಕೆಂಬುದು ಅಮೆರಿಕದ ರೋಗ ನಿಯಂತ್ರಣ ಕೇಂದ್ರದ ಸಲಹೆ. ಹಾಗೆಯೇ ಡೆಂಟಲ್ ಚೇರ್‌ನ ಸಣ್ಣ ನಳಿಕೆಗಳಲ್ಲಿ ನೀರು ನಿಂತಾಗ ಒಳಗೋಡೆಗೆ ಸೂಕ್ಷ್ಮಜೀವಿಗಳ ಲೋಳೆಪದರ ಕಟ್ಟುತ್ತದೆ. ಹಲ್ಲಿನ ಸಾಮಾನ್ಯ ಚಿಕಿತ್ಸೆಗೆ ಬಳಸುವ ನೀರಿನಲ್ಲಿ ಪ್ರತಿ ಮಿಲಿಲೀಟರಿಗೆ 500ಕ್ಕಿಂತ ಹೆಚ್ಚು ಬ್ಯಾಕ್ಟೀರಿಯ ಸಮೂಹಗಳು ಬೆಳೆಯಬಾರದು ಎಂಬ ಮಿತಿಯನ್ನೂ ಅದೇ ಕೇಂದ್ರ ಹೇಳುತ್ತದೆ. ಇವುಗಳ ದಾಖಲೆ ಪುಸ್ತಕವನ್ನು ತೆರೆದು ತೋರಿಸಬಲ್ಲ ಚಿಕಿತ್ಸಾಲಯ ಮೊದಲ ಹಂತದಲ್ಲಿ ಗೆದ್ದಂತೆ. ಇವು ಒಂದು ರೂಪಾಯಿಯ ಆದಾಯವನ್ನೂ ತರುವುದಿಲ್ಲ. ಹಾಗಾಗಿಯೇ ಗಡಿಬಿಡಿ ಹೆಚ್ಚಾದಾಗ ಮೊದಲು ಬಿಟ್ಟುಹೋಗುವ ಕೆಲಸಗಳೂ ಇವೇ ಆಗಿರುತ್ತವೆ.

ಎರಡನೆಯ ಹಂತ, ಅಂದರೆ ಕೆಲಸ ನಡೆಯುವ ರೀತಿ, ದಾಖಲೆಗಳಲ್ಲಿ ಕಾಣಸಿಗುತ್ತದೆ. ಒಸಡಿನ ಆಳವನ್ನು ಅಳತೆಕಡ್ಡಿಯಿಂದ ನೋಡಿ ಬರೆದಿದ್ದಾರೆಯೇ? ಆರೋಗ್ಯವಂತ ಒಸಡಿನಲ್ಲಿ ಆ ಆಳ 1ರಿಂದ 3 ಮಿಲಿಮೀಟರ್ ಇರುತ್ತದೆ. ಅದಕ್ಕಿಂತ ಹೆಚ್ಚಾಗಿದ್ದು, ಮುಟ್ಟಿದರೆ ರಕ್ತ ಬರುತ್ತಿದ್ದರೆ ಮೂಳೆ ಕರಗುವ ಕಾಯಿಲೆ ಇರಬಹುದೆಂಬ ಸೂಚನೆ ಅದು. ನೋವಿಲ್ಲದೆ ವರ್ಷಗಟ್ಟಲೆ ಬೆಳೆಯುವ ಈ ಕಾಯಿಲೆಯನ್ನು ಅಳೆದವರಿಗೆ ಮಾತ್ರ ಕಾಣಬಹುದು, ಅಳೆಯದವರಿಗೆ ಹಲ್ಲು ಅಲುಗಾಡುವವರೆಗೆ ಕಾಣುವುದಿಲ್ಲ. ರೂಟ್ ಕೆನಾಲ್ ಚಿಕಿತ್ಸೆಯಲ್ಲಿ ಜೊಲ್ಲು ಒಳಹೋಗದಂತೆ ಹಲ್ಲಿನ ಸುತ್ತ ರಬ್ಬರ್ ಹಾಳೆ ಹಾಕಿದ್ದರೇ? ಕೊನೆಯಲ್ಲಿ ತೆಗೆದ ಎಕ್ಸ್-ರೇಯಲ್ಲಿ ತುಂಬಿದ ವಸ್ತು ಬೇರಿನ ತುದಿಗಿಂತ 2 ಮಿಲಿಮೀಟರಿನೊಳಗೆ ನಿಂತಿದೆಯೇ? ಚಿಕಿತ್ಸೆಯ ಬೇರೆ ದಾರಿಗಳನ್ನು, ಏನೂ ಮಾಡದೆ ಕಾದು ನೋಡುವ ದಾರಿಯನ್ನೂ ಸೇರಿಸಿ, ರೋಗಿಗೆ ವಿವರಿಸಿದ್ದು ದಾಖಲಾಗಿದೆಯೇ? ಹಲ್ಲುನೋವು ಎಂದು ಬಂದವರಿಗೆ ಪ್ರತಿಜೈವಿಕ ಮಾತ್ರೆ ಬರೆದು ಕಳುಹಿಸುವ ಅಭ್ಯಾಸ ಎಷ್ಟಿದೆ? ಹಲ್ಲಿನ ಒಳತಿರುಳಿನ ಉರಿಯೂತಕ್ಕೆ ಆ ಮಾತ್ರೆ ಉಪಯೋಗಕ್ಕೆ ಬಾರದು. ಬೇಕಾದದ್ದು ಹಲ್ಲಿಗೇ ಮಾಡುವ ಚಿಕಿತ್ಸೆ. ಅಮೆರಿಕದ ದಂತವೈದ್ಯ ಸಂಘ 2019ರಲ್ಲಿ ಈ ಬಗ್ಗೆ ಸ್ಪಷ್ಟ ಮಾರ್ಗಸೂಚಿಯನ್ನೇ ಹೊರಡಿಸಿತು. ಮಾತ್ರೆ ಬರೆಯಲು ಎರಡು ನಿಮಿಷ, ಚಿಕಿತ್ಸೆ ಮಾಡಲು ಮುಕ್ಕಾಲು ಗಂಟೆ. ಅಪಾಯಿಂಟ್‌ಮೆಂಟ್ ಪಟ್ಟಿ ತುಂಬಿದ ದಿನ ಯಾವುದು ಗೆಲ್ಲುತ್ತದೆ ಎಂಬುದು ವೈದ್ಯರ ಜ್ಞಾನಕ್ಕಿಂತ ಹೆಚ್ಚಾಗಿ ಆ ಪಟ್ಟಿಯಲ್ಲಿ ತುರ್ತಿಗೆಂದು ಸ್ಥಳ ಬಿಟ್ಟಿದ್ದರೋ ಇಲ್ಲವೋ ಎಂಬುದನ್ನು ಅವಲಂಬಿಸಿರುತ್ತದೆ.

ಮೂರನೆಯ ಹಂತವೇ ಕಠಿಣವಾದದ್ದು. ಹುಳುಕು ಹಿಡಿದ, ಹುಳುಕಿನಿಂದ ಕಳೆದುಹೋದ ಮತ್ತು ತುಂಬಿಸಿದ ಹಲ್ಲುಗಳನ್ನು ಕೂಡಿಸಿ ಎಣಿಸುವ ಸೂಚ್ಯಂಕವನ್ನು ಕ್ಲೈನ್ ಮತ್ತು ಪಾಮರ್ 1938ರ ಸುಮಾರಿಗೆ ರೂಪಿಸಿದರು. ಒಂದು ಸಮುದಾಯದ ಹಲ್ಲುಗಳ ಸ್ಥಿತಿಯನ್ನು ತಿಳಿಯಲು ಅದು ಉತ್ತಮ ಸಾಧನ. ಆದರೆ ಒಂದು ಚಿಕಿತ್ಸಾಲಯದ ಸಾಧನೆಯನ್ನು ಅದರಿಂದ ಅಳೆಯಲಾಗದು, ಏಕೆಂದರೆ ಆ ಎಣಿಕೆ ಕಡಿಮೆಯಾಗುವುದೇ ಇಲ್ಲ. ಹುಳುಕು ಹಲ್ಲನ್ನು ಅಂದವಾಗಿ ತುಂಬಿದರೂ ಸಂಖ್ಯೆ ಅಷ್ಟೇ ಇರುತ್ತದೆ, ಕಿತ್ತರೂ ಅಷ್ಟೇ. ಬಾಯಿಯ ಸ್ಥಿತಿ ದಿನನಿತ್ಯದ ಬದುಕಿಗೆ ಎಷ್ಟು ತೊಂದರೆ ಕೊಡುತ್ತಿದೆ ಎಂದು ರೋಗಿಯನ್ನೇ ಕೇಳುವ 14 ಪ್ರಶ್ನೆಗಳ ಪಟ್ಟಿಯೊಂದನ್ನು ಗ್ಯಾರಿ ಸ್ಲೇಡ್ 1997ರಲ್ಲಿ ಪ್ರಕಟಿಸಿದರು. ಅಗಿಯಲು ಆಗುತ್ತದೆಯೇ, ಮಾತನಾಡಲು ಸಂಕೋಚವೇ, ನೋವಿದೆಯೇ ಎಂಬಂಥ ಈ ಪ್ರಶ್ನೆಗಳು ಹಲ್ಲಿನ ಎಣಿಕೆಗಿಂತ ರೋಗಿಗೆ ಹತ್ತಿರವಾದವು. ಚಿಕಿತ್ಸೆಯ ಭಯವನ್ನು ಅಳೆಯಲು ನಾರ್ಮನ್ ಕೋರಾ 1969ರಲ್ಲೇ ನಾಲ್ಕು ಪ್ರಶ್ನೆಗಳ ಮಾಪಕವೊಂದನ್ನು ಕೊಟ್ಟಿದ್ದರು. ಇವನ್ನು ಬಳಸಲು ಕಾಗದ ಪೆನ್ನು ಸಾಕು. ಇಷ್ಟು ಸುಲಭದ ಸಾಧನಗಳು ನಿತ್ಯದ ಬಳಕೆಗೆ ಬಾರದೆ ಬಹುಪಾಲು ಸಂಶೋಧನೆಗಷ್ಟೇ ಸೀಮಿತವಾಗಿರುವುದು ನಿಜಕ್ಕೂ ಬೇಸರದ ಸಂಗತಿ.

ಸಂತೃಪ್ತ ರೋಗಿಗಳ ಅಭಿಪ್ರಾಯಗಳನ್ನೇ ಫಲಿತಾಂಶ ಎಂದುಕೊಳ್ಳುವುದು ಇನ್ನೊಂದು ತೊಡಕು. ಸೂಜಿ ಚುಚ್ಚಿದಾಗ ನೋವಾಯಿತೇ, ಕಾಯಿಸಿದರೇ, ಪ್ರೀತಿಯಿಂದ ಮಾತನಾಡಿದರೇ ಎಂಬುದನ್ನು ರೋಗಿ ಚೆನ್ನಾಗಿ ಹೇಳಬಲ್ಲರು, ಅದಕ್ಕೆ ಬೆಲೆಯೂ ಇದೆ. ಆದರೆ ಕ್ಯಾಪ್‌ನ ಅಂಚು ಹಲ್ಲಿಗೆ ಸರಿಯಾಗಿ ಕೂತಿದೆಯೇ, ಅದರಡಿ ಹುಳುಕು ಉಳಿದಿದೆಯೇ ಎಂಬುದು ಅವರಿಗೆ ಕಾಣುವುದಿಲ್ಲ. ಚಿಕಿತ್ಸೆ ಮುಗಿದ ದಿನ ಒಳ್ಳೆಯ ಫಿಲ್ಲಿಂಗ್ ಮತ್ತು ಕೆಟ್ಟ ಫಿಲ್ಲಿಂಗ್ ಒಂದೇ ಥರ ಇರುತ್ತವೆ. ವ್ಯತ್ಯಾಸ ತಿಳಿಯಲು ವರ್ಷಗಳು ಬೇಕು.

ಆದ್ದರಿಂದಲೇ ಕೆಲಸದ ಬಾಳಿಕೆಯನ್ನು ಅಳೆಯಬೇಕು. ದವಡೆ ಹಲ್ಲುಗಳಲ್ಲಿ ಹಲ್ಲಿನ ಬಣ್ಣದ ಕಾಂಪೋಸಿಟ್ ಫಿಲ್ಲಿಂಗ್‌ಗಳನ್ನು ಎಚ್ಚರಿಕೆಯಿಂದ ಮಾಡಿದಾಗ ವರ್ಷಕ್ಕೆ ನೂರರಲ್ಲಿ ಒಂದರಿಂದ ಮೂರು ಮಾತ್ರ ಕೆಡುತ್ತವೆ ಎಂದು ದೀರ್ಘಕಾಲದ ಅಧ್ಯಯನಗಳು ತೋರಿಸಿವೆ. ಒಂದು ಚಿಕಿತ್ಸಾಲಯ ಮೂರು ವರ್ಷಗಳ ಹಿಂದೆ ಮಾಡಿದ ಫಿಲ್ಲಿಂಗ್‌ಗಳಲ್ಲಿ ಎಷ್ಟನ್ನು ಮತ್ತೆ ಮಾಡಬೇಕಾಯಿತು ಎಂದು ತನ್ನ ದಾಖಲೆಯಿಂದಲೇ ಎಣಿಸಬಹುದು. ಈ ಎಣಿಕೆಯನ್ನು ಕುರುಡಾಗಿ ಓದಬಾರದು ಎಂಬುದೂ ನಿಜ: ಹುಳುಕಿನ ಅಪಾಯ ಹೆಚ್ಚಿರುವವರ ಬಾಯಿಯಲ್ಲಿ ಎಂಥ ಒಳ್ಳೆಯ ಕೆಲಸವೂ ಬೇಗ ಕೆಡುತ್ತದೆ, ಹಾಗಾಗಿ ಕಷ್ಟದ ರೋಗಿಗಳನ್ನೇ ಹೆಚ್ಚಾಗಿ ನೋಡುವ ಚಿಕಿತ್ಸಾಲಯದ ಅಂಕಿ ಕೆಟ್ಟದಾಗಿ ಕಾಣುತ್ತದೆ. ಅದನ್ನು ಬೇರೆಯವರ ಅಂಕಿಯೊಂದಿಗೆ ಹೋಲಿಸುವುದಕ್ಕಿಂತ ತನ್ನದೇ ಹಿಂದಿನ ವರ್ಷದ ಅಂಕಿಯೊಂದಿಗೆ ಹೋಲಿಸುವುದು ನ್ಯಾಯ.

ಬಾಳಿಕೆಗೆ ಇಷ್ಟು ಒತ್ತು ಕೊಡಲು ಇನ್ನೊಂದು ಕಾರಣವಿದೆ. ಪ್ರತಿ ಬಾರಿ ಫಿಲ್ಲಿಂಗ್ ತೆಗೆದು ಹೊಸದು ಹಾಕುವಾಗ ಆರೋಗ್ಯವಂತ ಹಲ್ಲಿನ ಒಂದಿಷ್ಟು ಭಾಗವೂ ಕೊರೆದುಹೋಗುತ್ತದೆ. ಸಣ್ಣ ಫಿಲ್ಲಿಂಗ್ ದೊಡ್ಡದಾಗಿ, ದೊಡ್ಡದು ಕ್ಯಾಪ್ ಆಗಿ, ಕ್ಯಾಪ್ ಅಡಿಯಲ್ಲಿ ರೂಟ್ ಕೆನಾಲ್ ಆಗಿ, ಕೊನೆಗೆ ಹಲ್ಲನ್ನೇ ಕೀಳುವ ಸರಣಿಯೊಂದು ಹೀಗೆ ಶುರುವಾಗುತ್ತದೆ. ಬ್ರಿಟನ್ನಿನ ಸಂಶೋಧಕ ರಿಚರ್ಡ್ ಎಲ್ಡರ್ಟನ್ ಮತ್ತು ಅವರ ಸಹೋದ್ಯೋಗಿಗಳು 1980ರ ದಶಕದಲ್ಲಿ ಈ ಸರಣಿಯ ಕಡೆಗೆ ಗಮನ ಸೆಳೆದರು. ಒಂದೇ ಬಾಯಿಯನ್ನು ಬೇರೆ ಬೇರೆ ದಂತವೈದ್ಯರು ನೋಡಿದಾಗ ಯಾವ ಹಲ್ಲನ್ನು ತುಂಬಬೇಕೆಂಬ ಬಗ್ಗೆ ಅವರ ತೀರ್ಮಾನಗಳು ಎಷ್ಟು ಬೇರೆಯಾಗುತ್ತವೆ ಎಂಬುದನ್ನೂ ತೋರಿಸಿದರು. ರೋಗಿ ವೈದ್ಯರನ್ನು ಬದಲಾಯಿಸಿದಾಗ ಹಳೆಯ ಫಿಲ್ಲಿಂಗ್‌ಗಳು ಬೇಗ ಬದಲಾಗುತ್ತವೆ ಎಂಬುದು ನಂತರದ ಅಧ್ಯಯನಗಳಲ್ಲೂ ಕಂಡುಬಂದಿದೆ. ಹೊಸ ಕಣ್ಣಿಗೆ ಹಳೆಯ ಕೆಲಸದಲ್ಲಿ ದೋಷ ಬೇಗ ಕಾಣುತ್ತದೆ. ಅದೇ ಫಿಲ್ಲಿಂಗನ್ನು ಹತ್ತು ವರ್ಷ ನೋಡುತ್ತ ಬಂದವರಿಗೆ ಅಂಚಿನ ಕಲೆ ಹೆಚ್ಚುತ್ತಿಲ್ಲ ಎಂಬುದು ಗೊತ್ತಿರುತ್ತದೆ. ಹೀಗಾಗಿ ಒಬ್ಬರೇ ರೋಗಿ ಒಂದೇ ಕಡೆ ದೀರ್ಘಕಾಲ ಉಳಿಯುವುದು ವ್ಯವಹಾರಕ್ಕೆ ಲಾಭವಾಗುವಂತೆಯೇ ಹಲ್ಲಿಗೂ ಲಾಭ.

ಈಗ ವ್ಯವಹಾರದ ಕಡೆಗೆ ಬರೋಣ. ದಂತ ಚಿಕಿತ್ಸಾಲಯದ ವೆಚ್ಚದ ಸ್ವರೂಪ ವಿಚಿತ್ರವಾದದ್ದು. ಬಾಡಿಗೆ, ಸಿಬ್ಬಂದಿಯ ಸಂಬಳ, ಯಂತ್ರಗಳ ಸಾಲದ ಕಂತು, ವಿದ್ಯುತ್, ವಿಮೆ ಇವೆಲ್ಲವೂ ರೋಗಿ ಬಂದರೂ ಬಾರದಿದ್ದರೂ ಕಟ್ಟಬೇಕಾದವು. ಫಿಲ್ಲಿಂಗ್ ವಸ್ತು, ಅರಿವಳಿಕೆ ಮದ್ದು, ಕ್ಯಾಪ್ ಮತ್ತು ದಂತಪಂಕ್ತಿ ಮಾಡಿಕೊಡುವ ಲ್ಯಾಬ್‌ನ ಬಿಲ್ ಇವು ಮಾತ್ರ ಕೆಲಸಕ್ಕೆ ತಕ್ಕಂತೆ ಏರಿಳಿಯುತ್ತವೆ. ಗಳಿಕೆಯ ಅರ್ಧಕ್ಕೂ ಹೆಚ್ಚು ಭಾಗ ವೆಚ್ಚಕ್ಕೇ ಹೋಗುವುದು ಸಾಮಾನ್ಯ. ಇಂಥಲ್ಲಿ ಮಾರಾಟವಾಗುವ ನಿಜವಾದ ಸರಕು ಕುರ್ಚಿಯ ಗಂಟೆ. ಅಂಗಡಿಯಲ್ಲಿ ಇಂದು ಮಾರದ ವಸ್ತುವನ್ನು ನಾಳೆ ಮಾರಬಹುದು. ಇಂದು ಖಾಲಿಯಾಗಿ ಕಳೆದ ಕುರ್ಚಿಯ ಗಂಟೆಯನ್ನು ನಾಳೆ ಯಾರಿಗೂ ಕೊಡಲಾಗದು.

ಒಂದು ಕಲ್ಪಿತ ಲೆಕ್ಕ ಹಾಕಿದರೆ ಇದರ ತೂಕ ತಿಳಿಯುತ್ತದೆ. ಎಲ್ಲ ಅಪಾಯಿಂಟ್‌ಮೆಂಟ್‌ಗಳಿಗೂ ರೋಗಿಗಳು ಬಂದರೆ ತಿಂಗಳ ಗಳಿಕೆ 100 ಎಂದಿಟ್ಟುಕೊಳ್ಳೋಣ. ಸ್ಥಿರ ವೆಚ್ಚ 50, ಕೆಲಸಕ್ಕೆ ತಕ್ಕಂತೆ ಬರುವ ವೆಚ್ಚ 15, ಉಳಿಯುವುದು 35. ಈಗ ನೂರರಲ್ಲಿ ಹತ್ತು ಜನ ಹೇಳದೆ ಕೇಳದೆ ತಪ್ಪಿಸಿಕೊಂಡರೆ ಗಳಿಕೆ 90ಕ್ಕೆ ಇಳಿಯುತ್ತದೆ. ಏರಿಳಿಯುವ ವೆಚ್ಚ 13.5 ಆಗುತ್ತದೆ, ಆದರೆ ಸ್ಥಿರ ವೆಚ್ಚ 50ರಲ್ಲೇ ನಿಂತಿರುತ್ತದೆ. ಉಳಿಯುವುದು 26.5. ರೋಗಿಗಳು ಶೇ 10ರಷ್ಟು ಕಡಿಮೆಯಾದಾಗ ಮಾಲೀಕರಿಗೆ ಉಳಿಯುವ ಹಣ ಸುಮಾರು ಶೇ 24ರಷ್ಟು ಕಡಿಮೆಯಾಯಿತು. ಮುಂಚಿನ ದಿನ ನೆನಪಿಸುವ ಒಂದು ಸಂದೇಶ, ತಪ್ಪಿದ ಹೊತ್ತಿಗೆ ಬರಬಲ್ಲವರ ಕಾಯುವ ಪಟ್ಟಿ, ಭಯದಿಂದ ತಪ್ಪಿಸಿಕೊಳ್ಳುವವರನ್ನು ಗುರುತಿಸಿ ಮಾತನಾಡಿಸುವುದು ಇಂಥ ಸಣ್ಣ ಕೆಲಸಗಳಿಗೆ ಇಷ್ಟು ದೊಡ್ಡ ಪರಿಣಾಮ ಇರುವುದು ಈ ಲೆಕ್ಕದ ಕಾರಣದಿಂದ.

ಇದೇ ಲೆಕ್ಕವನ್ನು ಮತ್ತೆ ಮಾಡಬೇಕಾದ ಕೆಲಸಕ್ಕೂ ಅನ್ವಯಿಸಿ ನೋಡಬೇಕು. ಅವಸರದಲ್ಲಿ 25 ನಿಮಿಷಕ್ಕೆ ಮುಗಿಸಿದ ಫಿಲ್ಲಿಂಗ್ ವರ್ಷದೊಳಗೆ ಬಿದ್ದುಹೋದರೆ ಸಾಮಾನ್ಯವಾಗಿ ಅದನ್ನು ಉಚಿತವಾಗಿ ಮತ್ತೆ ಮಾಡಿಕೊಡಲಾಗುತ್ತದೆ. ಆಗ ಒಂದು ಶುಲ್ಕಕ್ಕೆ 50 ನಿಮಿಷ ಹೋಯಿತು, ವಸ್ತುವಿನ ವೆಚ್ಚ ಎರಡಾಯಿತು, ಆ ಹೊತ್ತಿನಲ್ಲಿ ನೋಡಬಹುದಾಗಿದ್ದ ಇನ್ನೊಬ್ಬ ರೋಗಿಯ ಶುಲ್ಕವೂ ಹೋಯಿತು. ಮೊದಲ ದಿನವೇ 40 ನಿಮಿಷ ಕೊಟ್ಟಿದ್ದರೆ ಅಗ್ಗವಾಗುತ್ತಿತ್ತು. ಆದರೆ ಬಹಳಷ್ಟು ಕಡೆ ತಿಂಗಳ ವರದಿಯಲ್ಲಿ 25 ನಿಮಿಷದ ವೇಗ ದಕ್ಷತೆಯೆಂದು ನಮೂದಾಗುತ್ತದೆ, ಉಚಿತವಾಗಿ ಮರಳಿ ಮಾಡಿದ ಹೊತ್ತು ಎಲ್ಲಿಯೂ ನಮೂದಾಗುವುದಿಲ್ಲ. ಮರುಕೆಲಸಕ್ಕೆಂದು ಒಂದು ಸಾಲನ್ನು ಲೆಕ್ಕಪುಸ್ತಕದಲ್ಲಿ ತೆರೆದ ದಿನ ಆರೈಕೆಯ ಗುಣಮಟ್ಟ ಹಣದ ಭಾಷೆಯಲ್ಲೂ ಕಾಣತೊಡಗುತ್ತದೆ. ನನ್ನ ಅಭಿಪ್ರಾಯದಲ್ಲಿ ಚಿಕಿತ್ಸಾಲಯವೊಂದು ಒಂದೇ ಒಂದು ಹೊಸ ಅಂಕಿಯನ್ನು ಬರೆದಿಡಲು ಸಾಧ್ಯವಾಗುವುದಾದರೆ ಅದು ಇದೇ ಆಗಿರಬೇಕು.

ಕುರ್ಚಿಯ ಗಂಟೆಯನ್ನು ಉಳಿಸುವ ಇನ್ನೊಂದು ದಾರಿ ಕೆಲಸವನ್ನು ಹಂಚುವುದು. ಅಮೆರಿಕದ ದಂತವೈದ್ಯ ಆಲ್ಫ್ರೆಡ್ ಫೋನ್ಸ್ ತಮ್ಮ ಸಹಾಯಕಿ ಐರೀನ್ ನ್ಯೂಮನ್ ಅವರಿಗೆ ಹಲ್ಲು ಶುಚಿಗೊಳಿಸುವ, ರೋಗ ತಡೆಯುವ ಕೆಲಸವನ್ನು 1906ರಲ್ಲಿ ಕಲಿಸಿದರು. 1913ರಲ್ಲಿ ಅದಕ್ಕಾಗಿಯೇ ಶಾಲೆ ತೆರೆದರು. ಡೆಂಟಲ್ ಹೈಜೀನಿಸ್ಟ್ ಎಂಬ ವೃತ್ತಿ ಹುಟ್ಟಿದ್ದು ಹೀಗೆ. ನ್ಯೂಜಿಲೆಂಡ್ 1921ರಲ್ಲಿ ಶಾಲಾ ಮಕ್ಕಳ ಹಲ್ಲಿನ ಆರೈಕೆಗಾಗಿ ದಾದಿಯರಿಗೆ ತರಬೇತಿ ಕೊಡಲು ಆರಂಭಿಸಿತು. ವೈದ್ಯರು ಮತ್ತು ಸಹಾಯಕರು ಇಬ್ಬರೂ ಕುಳಿತು ನಾಲ್ಕು ಕೈಗಳಿಂದ ಒಟ್ಟಿಗೆ ಕೆಲಸ ಮಾಡುವ ಪದ್ಧತಿಯೂ ಇದೇ ವಿಚಾರದ ಮುಂದುವರಿಕೆ. ತರಬೇತಿ ಪಡೆದ ಸಹಾಯಕರು ಪದೇ ಪದೇ ಬಿಟ್ಟುಹೋಗುವ ಕಡೆ ಇದು ನಡೆಯುವುದಿಲ್ಲ. ಹಾಗಾಗಿ ಸಿಬ್ಬಂದಿ ಎಷ್ಟು ವರ್ಷ ಉಳಿಯುತ್ತಾರೆ ಎಂಬುದು ಕೂಡ ಆರೈಕೆಯ ಒಂದು ಅಳತೆಯೇ.

ಹಣ ಯಾವ ರೀತಿಯಲ್ಲಿ ಬರುತ್ತದೆ ಎಂಬುದು ಹಲ್ಲಿನ ಮೇಲೆ ಬೀರುವ ಪ್ರಭಾವವನ್ನು ಕಡೆಗಣಿಸಿ ಈ ವಿಷಯವನ್ನು ಮಾತನಾಡಲಾಗದು. ಮಾಡಿದ ಪ್ರತಿ ಕೆಲಸಕ್ಕೆ ಶುಲ್ಕ ಎಂಬ ಪದ್ಧತಿಯಲ್ಲಿ ಹೆಚ್ಚು ಮಾಡುವ ಕಡೆಗೆ ವಾಲುವಿಕೆ ಇರುತ್ತದೆ. ನೋಂದಾಯಿತ ರೋಗಿಯೊಬ್ಬರಿಗೆ ವರ್ಷಕ್ಕಿಷ್ಟು ಎಂದು ಮುಂಗಡ ಕೊಡುವ ಪದ್ಧತಿಯಲ್ಲಿ ರೋಗ ತಡೆಯಲು ಉತ್ತೇಜನವಿದೆ, ಜೊತೆಗೆ ಬೇಕಾದದ್ದನ್ನೂ ಮುಂದೂಡುವ ಅಪಾಯವಿದೆ. ಸಂಬಳದ ಪದ್ಧತಿಯಲ್ಲಿ ಎರಡೂ ಒತ್ತಡ ಕಡಿಮೆ, ಆದರೆ ದಿನಕ್ಕೆ ನೋಡುವ ರೋಗಿಗಳ ಸಂಖ್ಯೆಯೂ ಕಡಿಮೆಯಾಗಬಹುದು. ಇಂಗ್ಲೆಂಡಿನ ಅನುಭವ ಇದಕ್ಕೆ ಒಳ್ಳೆಯ ನಿದರ್ಶನ. ಅಲ್ಲಿನ ರಾಷ್ಟ್ರೀಯ ಆರೋಗ್ಯ ಸೇವೆ 2006ರಲ್ಲಿ ತಂದ ಒಪ್ಪಂದದಲ್ಲಿ ಚಿಕಿತ್ಸೆಗಳನ್ನು ಮೂರು ಪಟ್ಟಿಗಳಿಗೆ ಸೇರಿಸಿ, ವೈದ್ಯರಿಗೆ ಸಲ್ಲುವ ಹಣವನ್ನು ಘಟಕಗಳಲ್ಲಿ ಎಣಿಸಿ, ತಪಾಸಣೆಗೆ 1 ಘಟಕ, ಫಿಲ್ಲಿಂಗ್, ಹಲ್ಲು ಕೀಳುವುದು ಮತ್ತು ರೂಟ್ ಕೆನಾಲ್‌ಗೆ 3 ಘಟಕ, ಕ್ಯಾಪ್ ಮತ್ತು ದಂತಪಂಕ್ತಿಗೆ 12 ಘಟಕ ಎಂದು ನಿಗದಿ ಮಾಡಲಾಯಿತು. ಒಂದು ಚಿಕಿತ್ಸಾ ಸರದಿಯಲ್ಲಿ ಒಂದು ಹಲ್ಲು ತುಂಬಿದರೂ 3, ಆರು ತುಂಬಿದರೂ 3. ಕೆಲವೇ ನಿಮಿಷಗಳಲ್ಲಿ ಹಲ್ಲು ಕಿತ್ತರೂ 3, ಎರಡು ಸಲ ಕರೆಸಿ ದವಡೆ ಹಲ್ಲಿನ ರೂಟ್ ಕೆನಾಲ್ ಮಾಡಿದರೂ 3. ರೂಟ್ ಕೆನಾಲ್‌ಗಳು ಕಡಿಮೆಯಾಗಿ ಹಲ್ಲು ಕೀಳುವುದು ಹೆಚ್ಚಾದುದನ್ನು ಬ್ರಿಟಿಷ್ ಸಂಸತ್ತಿನ ಆರೋಗ್ಯ ಸಮಿತಿ 2008ರಲ್ಲಿ ಗುರುತಿಸಿತು. 2022ರ ಕೊನೆಯಲ್ಲಿ ಮೂರು ಅಥವಾ ಹೆಚ್ಚು ಹಲ್ಲುಗಳಿಗೆ ಫಿಲ್ಲಿಂಗ್ ಮಾಡಿದರೆ 5, ದವಡೆ ಹಲ್ಲಿನ ರೂಟ್ ಕೆನಾಲ್‌ಗೆ 7 ಘಟಕ ಎಂದು ತಿದ್ದುಪಡಿ ಮಾಡಲಾಯಿತು. ಅಲ್ಲಿನ ದಂತವೈದ್ಯರು ಕೆಟ್ಟವರಾಗಿರಲಿಲ್ಲ. ಹಲ್ಲು ಉಳಿಸುವ ಗಂಟೆಗೆ ನಷ್ಟವನ್ನು ಬರೆದಿಟ್ಟ ಪಟ್ಟಿಯಿಂದ ಬೇರೇನನ್ನು ನಿರೀಕ್ಷಿಸಲು ಸಾಧ್ಯ?

ಚಿಕಿತ್ಸಾಲಯದೊಳಗಿನ ಗುರಿಗಳೂ ಇದೇ ರೀತಿ ಕೆಲಸ ಮಾಡುತ್ತವೆ. ಹಲವು ಶಾಖೆಗಳ ಸಂಸ್ಥೆಗಳಲ್ಲಿ, ಕೆಲವೊಮ್ಮೆ ಸಣ್ಣ ಚಿಕಿತ್ಸಾಲಯಗಳಲ್ಲೂ, ಸೂಚಿಸಿದ ಚಿಕಿತ್ಸೆಯನ್ನು ನೂರರಲ್ಲಿ ಎಷ್ಟು ರೋಗಿಗಳು ಒಪ್ಪಿಕೊಂಡರು ಎಂಬುದನ್ನು ವೈದ್ಯರ ಸಾಧನೆಯಾಗಿ ಎಣಿಸುತ್ತಾರೆ. ಈ ಅಂಕಿಗೆ ಒಂದು ಒಳ್ಳೆಯ ಉಪಯೋಗವಿದೆ: ಬೇಕಾದ ಚಿಕಿತ್ಸೆಯನ್ನೂ ರೋಗಿಗಳು ಬೇಡವೆನ್ನುತ್ತಿದ್ದರೆ ವಿವರಣೆ ಸಾಲದಾಗಿರಬಹುದು, ಅಥವಾ ಖರ್ಚನ್ನು ಕಂತುಗಳಲ್ಲಿ ಕಟ್ಟುವ ಅನುಕೂಲ ಇಲ್ಲದಿರಬಹುದು. ಆದರೆ ಸೂಚಿಸಿದ್ದು ಬೇಕಾಗಿತ್ತೇ ಎಂಬ ಪ್ರಶ್ನೆಯನ್ನು ಈ ಅಂಕಿ ಕೇಳುವುದಿಲ್ಲ. ಹತ್ತು ರೋಗಿಗಳ ಕಡತಗಳನ್ನು ಹೆಸರು ಮರೆಮಾಡಿ, ಎಕ್ಸ್-ರೇ ಸಹಿತ ಇನ್ನೊಬ್ಬ ದಂತವೈದ್ಯರಿಗೆ ತೋರಿಸಿ, ಅವರೇ ಆಗಿದ್ದರೆ ಏನು ಸೂಚಿಸುತ್ತಿದ್ದರು ಎಂದು ಕೇಳುವ ಅಭ್ಯಾಸ ಇದಕ್ಕೆ ಜೊತೆಯಾಗಿರಬೇಕು. ಇಬ್ಬರ ಅಭಿಪ್ರಾಯ ಎಲ್ಲಿ ಬೇರೆಯಾಗುತ್ತದೋ ಅಲ್ಲಿ ಚರ್ಚೆಗೆ ನಿಜವಾದ ವಸ್ತು ಸಿಗುತ್ತದೆ.

ಆರು ತಿಂಗಳಿಗೊಮ್ಮೆ ತಪಾಸಣೆ ಎಂಬ ಪ್ರಸಿದ್ಧ ನಿಯಮವನ್ನೂ ಇದೇ ಬೆಳಕಿನಲ್ಲಿ ನೋಡಬೇಕು. ವ್ಯವಹಾರಕ್ಕೆ ಅದು ಅನುಕೂಲ, ಏಕೆಂದರೆ ಅಪಾಯಿಂಟ್‌ಮೆಂಟ್ ಪಟ್ಟಿ ತಾನಾಗಿ ತುಂಬುತ್ತದೆ. ಆದರೆ ಚಿಕಿತ್ಸೆಯ ಮಾರ್ಗಸೂಚಿಗಳನ್ನು ರೂಪಿಸುವ ಬ್ರಿಟನ್ನಿನ ನೈಸ್ ಸಂಸ್ಥೆ 2004ರ ಮಾರ್ಗಸೂಚಿಯಲ್ಲೇ ವಯಸ್ಕರಿಗೆ ಅವರವರ ಅಪಾಯಕ್ಕೆ ತಕ್ಕಂತೆ 3 ತಿಂಗಳಿಂದ 24 ತಿಂಗಳವರೆಗೆ, 18 ವರ್ಷದೊಳಗಿನವರಿಗೆ 3ರಿಂದ 12 ತಿಂಗಳವರೆಗೆ ಅಂತರ ಇರಬಹುದೆಂದು ಹೇಳಿತು. ನಂತರ ಬ್ರಿಟನ್ನಿನಲ್ಲೇ ನಾಲ್ಕು ವರ್ಷ ನಡೆದ ದೊಡ್ಡ ಪ್ರಯೋಗವೊಂದರಲ್ಲಿ ನಿಯಮಿತವಾಗಿ ತಪಾಸಣೆಗೆ ಬರುವ ವಯಸ್ಕರನ್ನು ಆರು ತಿಂಗಳಿಗೊಮ್ಮೆ ಕರೆದರೂ ಅಪಾಯಕ್ಕೆ ತಕ್ಕ ಅಂತರದಲ್ಲಿ ಕರೆದರೂ ಒಸಡಿನ ಸ್ಥಿತಿಯಲ್ಲಿ ಗಮನಾರ್ಹ ವ್ಯತ್ಯಾಸ ಕಾಣಲಿಲ್ಲ. ಎಲ್ಲರನ್ನೂ ಒಂದೇ ಅಂತರದಲ್ಲಿ ಕರೆಯುವುದರ ನಿಜವಾದ ನಷ್ಟ ಬೇರೆ ಕಡೆ ಆಗುತ್ತದೆ: ಆರೋಗ್ಯವಂತ ಬಾಯಿಗಳಿಂದ ತುಂಬಿದ ಪಟ್ಟಿಯಲ್ಲಿ ಮಧುಮೇಹ ಇರುವವರಿಗೆ, ಧೂಮಪಾನಿಗಳಿಗೆ, ಒಸಡಿನ ಕಾಯಿಲೆ ಬೆಳೆಯುತ್ತಿರುವವರಿಗೆ ಮೂರು ತಿಂಗಳಿಗೊಮ್ಮೆ ಬೇಕಾದ ಜಾಗ ಸಿಗುವುದಿಲ್ಲ.

ರೋಗ ತಡೆಯುವ ಕೆಲಸಕ್ಕೆ ಬೆಲೆ ಕಟ್ಟುವುದು ಎಲ್ಲಕ್ಕಿಂತ ಕಷ್ಟ. ಫ್ಲೋರೈಡ್ ಟೂತ್‌ಪೇಸ್ಟ್, ಹಲ್ಲು ತುಂಬಲು ಬಳಸುವ ಗ್ಲಾಸ್ ಅಯೊನೊಮರ್ ಸಿಮೆಂಟ್ ಮತ್ತು ಸಿಲ್ವರ್ ಡೈಅಮೈನ್ ಫ್ಲೋರೈಡ್ ಇವನ್ನು ವಿಶ್ವ ಆರೋಗ್ಯ ಸಂಸ್ಥೆ 2021ರಲ್ಲಿ ಅಗತ್ಯ ಔಷಧಗಳ ಪಟ್ಟಿಗೆ ಸೇರಿಸಿತು. ಸಿಲ್ವರ್ ಡೈಅಮೈನ್ ಫ್ಲೋರೈಡ್ ದ್ರಾವಣವನ್ನು ಮಕ್ಕಳ ಹಾಲುಹಲ್ಲಿನ ಹುಳುಕಿಗೆ ಹಚ್ಚಿದರೆ ಕೊರೆಯದೆ, ಸೂಜಿ ಚುಚ್ಚದೆ ಹುಳುಕು ಅನೇಕ ಸಲ ನಿಂತುಹೋಗುತ್ತದೆ; ಆ ಜಾಗ ಕಪ್ಪಾಗುತ್ತದೆ ಎಂಬುದನ್ನು ಪೋಷಕರಿಗೆ ಮೊದಲೇ ಹೇಳಬೇಕು. ಇದಕ್ಕೆ ಹಿಡಿಯುವುದು ಕೆಲವೇ ನಿಮಿಷ, ಬರುವ ಶುಲ್ಕವೂ ಅಲ್ಪ. ಮಗು ಹೆದರದೆ ಮನೆಗೆ ಹೋಯಿತು, ಮುಂದಿನ ಹತ್ತು ವರ್ಷ ಹೆದರದೆ ಬರುತ್ತದೆ ಎಂಬ ಫಲಿತಾಂಶಕ್ಕೆ ತಿಂಗಳ ವರದಿಯಲ್ಲಿ ಜಾಗವಿಲ್ಲ. ಮೂರು ಆಯಾಮದ ಸ್ಕ್ಯಾನ್ ಯಂತ್ರದಂಥ ದುಬಾರಿ ಉಪಕರಣದ ವಿಷಯ ಇದಕ್ಕೆ ತದ್ವಿರುದ್ಧ. ಸಾಲ ಮಾಡಿ ಕೊಂಡ ಯಂತ್ರ ಪ್ರತಿ ತಿಂಗಳೂ ಕಂತು ಕೇಳುತ್ತದೆ, ಕಂತು ತೀರಿಸಲು ಸ್ಕ್ಯಾನ್‌ಗಳ ಸಂಖ್ಯೆ ಬೇಕಾಗುತ್ತದೆ. ಇಂಪ್ಲಾಂಟ್ ಯೋಜನೆಗೆ, ಮೂಳೆಯೊಳಗೆ ಹುದುಗಿರುವ ಹಲ್ಲಿನ ಸ್ಥಾನ ತಿಳಿಯಲು ಅದು ಅಮೂಲ್ಯ. ಆದರೆ ಒಂದು ಸಣ್ಣ ಎಕ್ಸ್-ರೇಗಿಂತ ಅದರ ವಿಕಿರಣ ಹಲವು ಪಟ್ಟು ಹೆಚ್ಚು. ಪ್ರತಿ ಸ್ಕ್ಯಾನ್‌ಗೂ ಕಾರಣವನ್ನು ಕಡತದಲ್ಲಿ ಬರೆಯುವ ಕಟ್ಟುನಿಟ್ಟು ಇರುವಲ್ಲಿ ಆ ಯಂತ್ರ ಚಿಕಿತ್ಸೆಗೆ ನೆರವಾಗುತ್ತದೆ, ಇಲ್ಲದಿರುವಲ್ಲಿ ಚಿಕಿತ್ಸೆಯೇ ಯಂತ್ರಕ್ಕೆ ನೆರವಾಗತೊಡಗುತ್ತದೆ.

ಒಬ್ಬ ದಂತವೈದ್ಯರು ನಿವೃತ್ತರಾಗಿ ಚಿಕಿತ್ಸಾಲಯವನ್ನು ಇನ್ನೊಬ್ಬರಿಗೆ ವಹಿಸುವಾಗ ಈ ಎರಡೂ ಲೆಕ್ಕಗಳು ಒಂದೇ ಮೇಜಿನ ಮೇಲೆ ಬರುತ್ತವೆ. ಕೊಳ್ಳುವವರು ಕುರ್ಚಿಗಳ ವಯಸ್ಸನ್ನು, ಬಾಡಿಗೆ ಒಪ್ಪಂದವನ್ನು, ಬಾಕಿ ಬರಬೇಕಾದ ಹಣವನ್ನು ನೋಡುತ್ತಾರೆ. ಆದರೆ ಬೆಲೆಯ ಬಹುಪಾಲು ನಿಂತಿರುವುದು ಕಳೆದ ಒಂದೂವರೆ ಎರಡು ವರ್ಷಗಳಲ್ಲಿ ಬಂದುಹೋದ, ಮತ್ತೆ ಬರುವ ಸಾಧ್ಯತೆಯಿರುವ ರೋಗಿಗಳ ಮೇಲೆ. ಆ ರೋಗಿಗಳ ಕಡತಗಳಲ್ಲಿ ಒಸಡಿನ ಅಳತೆಗಳು ವರ್ಷದಿಂದ ವರ್ಷಕ್ಕೆ ಬರೆದಿದ್ದರೆ, ಹಳೆಯ ಎಕ್ಸ್-ರೇಗಳು ದಿನಾಂಕದೊಂದಿಗೆ ಇದ್ದರೆ, ಯಾವ ಫಿಲ್ಲಿಂಗನ್ನು ಏಕೆ ಮುಟ್ಟದೆ ಬಿಡಲಾಗಿದೆ ಎಂಬ ಟಿಪ್ಪಣಿ ಇದ್ದರೆ, ಹೊಸಬರು ಮೊದಲ ದಿನವೇ ಹಳಬರಷ್ಟು ತಿಳಿದು ಕೆಲಸ ಆರಂಭಿಸಬಹುದು. ಅವು ಇಲ್ಲದಿದ್ದರೆ ಪ್ರತಿಯೊಂದು ಬಾಯಿಯನ್ನೂ ಹೊಸದಾಗಿ ಓದಬೇಕಾಗುತ್ತದೆ, ಅಂಚು ಕಪ್ಪಾದ ಪ್ರತಿಯೊಂದು ಫಿಲ್ಲಿಂಗ್ ಬಗ್ಗೆಯೂ ಸಂಶಯ ಮೂಡುತ್ತದೆ, ಇನ್ನೂ ಹತ್ತು ವರ್ಷ ಬಾಳಬಹುದಾಗಿದ್ದ ಕೆಲಸಗಳು ಅನಗತ್ಯವಾಗಿ ಕೊರೆಯಲ್ಪಡುತ್ತವೆ. ಕೊಳ್ಳುವವರ ಪರವಾಗಿ ಲೆಕ್ಕ ಪರಿಶೀಲಿಸುವವರು ಆದಾಯ ತೆರಿಗೆಯ ಕಾಗದಗಳ ಜೊತೆಗೆ ಇಪ್ಪತ್ತು ಮೂವತ್ತು ರೋಗಿಗಳ ಕಡತಗಳನ್ನೂ, ರೋಗಿಗಳ ಗುರುತು ಹೊರಬೀಳದಂತೆ, ಇನ್ನೊಬ್ಬ ದಂತವೈದ್ಯರಿಂದ ಓದಿಸಬೇಕಾದದ್ದು ಇದಕ್ಕಾಗಿಯೇ.